ಭಾರತ್‌ಥೀರಿಯಂ: ದಖ್ಖನ್ ಶಿಲಾಪದರಗಳಲ್ಲಿ ದೊರೆತ ಪುರಾತನ ಸಸ್ತನಿ

ಪೀಠಿಕೆ
ವಿಜಯಪುರ ನಗರ, ತಿಕೋಟಾ ಹಾಗೂ ಬಬಲೇಶ್ವರ ತಾಲ್ಲೂಕುಗಳಲ್ಲಿ ಬಾವಿ, ಕೃಷಿ ಹೊಂಡ ತೋಡುವ ರೈತರಿಗೆ ಮತ್ತು ಕಲ್ಲುಗಣಿ ಪರವಾನಗಿಗೆ ಅರ್ಜಿ ಸಲ್ಲಿಸುವವರಿಗೆ ಕರಿಕಲ್ಲು ಚಿರಪರಿಚಿತ. ಗೋಳಗುಮ್ಮಟವೂ ಇದೇ ಕಲ್ಲಿನದು. ಸುಮಾರು 6.6 ಕೋಟಿ ವರ್ಷಗಳ ಹಿಂದೆ ಭೂಮಿಯ ಬಿರುಕುಗಳಿಂದ ಹೊಮ್ಮಿದ ಲಾವಾರಸ ಪದರ ಪದರವಾಗಿ ಹರಿದು ಆರಿ ಈ ಶಿಲೆಯಾಯಿತು. ಇದನ್ನು 'ದಖ್ಖನ್ ಟ್ರ್ಯಾಪ್' ಎನ್ನುವರು.

ಪದರಗಳ ನಡುವಿನ ಮಣ್ಣು
ಒಂದು ಲಾವಾ ಪ್ರವಾಹಕ್ಕೂ ಮುಂದಿನದಕ್ಕೂ ನಡುವೆ ದೀರ್ಘ ಅವಧಿ ಕಳೆದ ಕಡೆಗಳಲ್ಲಿ ಕೆರೆ, ಜೌಗುಗಳು ಉಂಟಾಗಿ ಜೇಡಿ, ಸುಣ್ಣದ ಕೆಸರು ಶೇಖರವಾದವು. ಅವುಗಳಲ್ಲಿ ಆ ಕಾಲದ ಜೀವಿಗಳ ಅವಶೇಷಗಳು ಉಳಿದಿವೆ. ನೆರೆಯ ಬೆಳಗಾವಿ ಜಿಲ್ಲೆಯ ಗೋಕಾಕ, ತೆಲಂಗಾಣದ ನಸ್ಕಲ್ ಮತ್ತು ಮಧ್ಯಪ್ರದೇಶದ ಕಿಸಲ್‌ಪುರಿಯ ಇಂತಹ ಪದರಗಳಲ್ಲಿ ಭಾರತ್‌ಥೀರಿಯಂ ಎಂಬ ಅಳಿದುಹೋದ ಸಸ್ತನಿಯ ಹಲ್ಲುಗಳು ದೊರೆತಿವೆ.

ಶೋಧನೆ ಮತ್ತು ನಾಮಕರಣ
ಮೊದಲ ಹಲ್ಲು 1989ರಲ್ಲಿ ನಸ್ಕಲ್‌ನಲ್ಲಿ ದೊರೆಯಿತು. ಅದು ಯಾವ ವರ್ಗದ ಪ್ರಾಣಿಯದೆಂಬುದು, 1990ರ ದಶಕದಲ್ಲಿ ಮಡಗಾಸ್ಕರಿನಲ್ಲಿ ಹೋಲುವ ಹಲ್ಲುಗಳು ಸಿಕ್ಕ ತರುವಾಯವೇ ಸ್ಪಷ್ಟವಾಯಿತು. ವರದಿ 1997ರಲ್ಲಿ ಪ್ರಕಟವಾಯಿತು. 2007ರಲ್ಲಿ ಎರಡು ತಂಡಗಳು ಪ್ರತ್ಯೇಕವಾಗಿ ಹೆಸರಿಟ್ಟವು. ಜಿ.ವಿ.ಆರ್. ಪ್ರಸಾದ್ ಮತ್ತು ಸಂಗಡಿಗರು 'ಭಾರತ್‌ಥೀರಿಯಂ' ಎಂದೂ, ಇನ್ನೊಂದು ತಂಡ ಗೋಕಾಕ ಹಾಗೂ ನಸ್ಕಲ್‌ನ ಹಲ್ಲುಗಳ ಆಧಾರದಿಂದ 'ದಕ್ಷಿಣಾ' ಎಂದೂ ಕರೆದವು. ಎರಡೂ ಒಂದೇ ಪ್ರಾಣಿಯೆಂದು ಕಂಡುಬಂದುದರಿಂದ, ಮೊದಲು ಪ್ರಕಟವಾದ ಹೆಸರಿಗೆ ಆದ್ಯತೆ ಎಂಬ ನಿಯಮದಂತೆ 'ಭಾರತ್‌ಥೀರಿಯಂ' ಉಳಿದುಕೊಂಡಿತು. ಭಾರತ ಮತ್ತು ಗ್ರೀಕ್ ಭಾಷೆಯ 'ಥೀರಿಯನ್' (ಮೃಗ) ಸೇರಿ ಈ ಪದವಾಗಿದೆ.

ಲಕ್ಷಣಗಳು
1. ಈ ಪ್ರಾಣಿಯನ್ನು ಗುರುತಿಸಲು ಆಧಾರವಾದವು 8 ಬಿಡಿ ಹಲ್ಲುಗಳು ಮಾತ್ರ: ಒಂದು ಬಾಚಿಹಲ್ಲು, ಏಳು ದವಡೆಹಲ್ಲುಗಳು.
2. ದವಡೆಹಲ್ಲುಗಳ ಎತ್ತರ 6ರಿಂದ 8.5 ಮಿ.ಮೀ.; ಅಂದರೆ ಒಂದೆರಡು ಜೋಳದ ಕಾಳಿನಷ್ಟು.
3. ಎತ್ತರವಾದ, ಬಾಗಿದ ಹಲ್ಲುಗಳು ಒರಟು ಮೇವು ಮೆಲ್ಲುವ ಪ್ರಾಣಿಗಳವನ್ನು ಹೋಲುತ್ತವೆ. ಆ ಕಾಲದಲ್ಲಿ ಹುಲ್ಲು ಇದ್ದುದಕ್ಕೆ ಮಹಾರಾಷ್ಟ್ರದ ಪಿಸ್ದೂರಾದ ಶಿಲೀಭೂತ ಸಗಣಿಯಲ್ಲಿ ಪುರಾವೆ ಸಿಕ್ಕಿದ್ದು, 2005ರಲ್ಲಿ ಪ್ರಕಟವಾಗಿದೆ.
4. ಇದು ಸೇರಿದ 'ಗೊಂಡ್ವಾನಥೀರಿಯ' ಗುಂಪಿನ ಅವಶೇಷಗಳು ಅರ್ಜೆಂಟೀನ, ಮಡಗಾಸ್ಕರ್‌ಗಳಲ್ಲಿಯೂ ಇವೆ. ಈ ಭೂಭಾಗಗಳು ಹಿಂದೆ ಗೊಂಡ್ವಾನ ಖಂಡದಲ್ಲಿ ಒಂದಾಗಿದ್ದುದಕ್ಕೆ ಇದೂ ಒಂದು ಸಾಕ್ಷಿ. ಈ ಗುಂಪಿನ ಯಾವ ಪ್ರಾಣಿಯೂ ಇಂದು ಜೀವಂತವಿಲ್ಲ.

ಸಾರ್ವಜನಿಕರ ಗಮನಕ್ಕೆ
ಇಷ್ಟು ಸಣ್ಣ ಹಲ್ಲುಗಳು ಬರಿಗಣ್ಣಿಗೆ ಸುಲಭವಾಗಿ ಕಾಣಿಸವು. ಮಣ್ಣನ್ನು ನೀರಿನಲ್ಲಿ ನೆನೆಸಿ, ಸಣ್ಣ ಜರಡಿಯಲ್ಲಿ ಸೋಸಿ, ಸೂಕ್ಷ್ಮದರ್ಶಕದಡಿ ಆರಿಸಬೇಕು. ಆದುದರಿಂದ ಒಂದು ಟ್ರ್ಯಾಕ್ಟರ್ ಮಣ್ಣು ರಸ್ತೆಗೆ ಸುರಿಯಲ್ಪಟ್ಟರೆ, ಅದರೊಂದಿಗೆ ಹೋದುದು ಏನೆಂದು ಯಾರಿಗೂ ತಿಳಿಯದು. ಮರಳಿ ಪಡೆಯುವ ಮಾರ್ಗವೂ ಇಲ್ಲ.

ಪ್ರತಿ ಬಾವಿಯಲ್ಲಿಯೂ ಇಂತಹ ಪದರ ಇರುವುದಿಲ್ಲ. ಆದರೆ ಅಗೆಯುವಾಗ ಎರಡು ಕರಿಕಲ್ಲಿನ ಪದರಗಳ ನಡುವೆ ಬೂದು ಅಥವಾ ಬಿಳಿ ಬಣ್ಣದ ಜೇಡಿ, ಶಂಖದ ಚಿಪ್ಪು, ಮೂಳೆಯಂತಹ ಚೂರುಗಳು ಕಂಡುಬಂದಲ್ಲಿ:

ಅ) ಅವನ್ನು ಒಡೆಯದೆ, ಮಾರಾಟ ಮಾಡದೆ, ಇದ್ದ ಸ್ಥಿತಿಯಲ್ಲಿಯೇ ಬಿಡುವುದು.
ಆ) ಗ್ರಾಮ, ಸರ್ವೆ ನಂಬರ್ ಹಾಗೂ ಆಳವನ್ನು ಬರೆದಿಟ್ಟುಕೊಳ್ಳುವುದು. ಸ್ಥಳ ತಿಳಿಯದ ಅವಶೇಷದ ವೈಜ್ಞಾನಿಕ ಮೌಲ್ಯ ಬಹಳ ಕಡಿಮೆ.
ಇ) ಛಾಯಾಚಿತ್ರದೊಂದಿಗೆ ಗಣಿ ಮತ್ತು ಭೂವಿಜ್ಞಾನ ಇಲಾಖೆಯ ಜಿಲ್ಲಾ ಕಚೇರಿಗೆ ಅಥವಾ ಭಾರತೀಯ ಭೂವೈಜ್ಞಾನಿಕ ಸರ್ವೇಕ್ಷಣಾ ಸಂಸ್ಥೆಗೆ ಲಿಖಿತವಾಗಿ ತಿಳಿಸುವುದು.

ಸಾರ್ವಜನಿಕರು ಸಹಕರಿಸಬೇಕಾಗಿ ಕೋರಲಾಗಿದೆ.