ಚದುರಂಗದ ಉಪಾಧ್ಯಾಯ ಮ್ಯಾಕ್ಸ್ ಯೂವೆ

ಹಾಲೆಂಡಿನ ಮ್ಯಾಕ್ಸ್ ಯೂವೆಯ ಹೆಸರನ್ನು ಚದುರಂಗಪ್ರಿಯರಾದ ಶ್ರೋತೃಗಳು ಕೇಳಿರಬಹುದು. 1901ರಲ್ಲಿ ಆಮ್‌ಸ್ಟರ್‌ಡಾಂ ನಗರದ ಬಳಿ ಜನಿಸಿದ ಈತನಿಗೆ ಗಣಿತಬೋಧನೆಯೇ ವೃತ್ತಿ. ಚದುರಂಗವು ಬಿಡುವಿನ ವ್ಯಾಸಂಗ. 1935ರಲ್ಲಿ ಜಗಜ್ಜೇತನಾಗಿದ್ದ ಅಲೆಖೈನನನ್ನು ಎದುರಿಸಿದಾಗ, ಒಂಬತ್ತು ಆಟಗಳು ಮುಗಿಯುವಷ್ಟರಲ್ಲಿ ಮೂರು ಅಂಕಗಳಷ್ಟು ಹಿಂದೆ ಬಿದ್ದನು. ಆದರೂ ಧೃತಿಗೆಡದೆ, ಮೂವತ್ತನೆಯ ಆಟದ ಕೊನೆಗೆ ಒಂದಂಕದಿಂದ ಗೆದ್ದನು. ಎದುರಾಳಿಯ ಮದ್ಯಪಾನವೇ ಈ ಜಯಕ್ಕೆ ಕಾರಣವೆಂದು ಹಲವರು ಆಡಿಕೊಂಡುದುಂಟು. ಅದು ಯೂವೆಯ ಸಾಧನೆಗೆ ಸಲ್ಲಬೇಕಾದ ನ್ಯಾಯವಲ್ಲ.

ಗೆದ್ದವನು ಪಟ್ಟವನ್ನು ಕಾಪಾಡಿಕೊಳ್ಳುವುದು ಲೋಕರೂಢಿ. ಯೂವೆಯಾದರೋ ಸೋತವನಿಗೆ ಮರುಪಂದ್ಯವನ್ನಿತ್ತು, 1937ರಲ್ಲಿ ಆ ಪಟ್ಟವನ್ನೇ ಕಳೆದುಕೊಂಡನು. ಬಳಿಕವೂ ಆಟದ ಮೊದಲ ನಡೆಗಳನ್ನೂ ನಡುವಣ ಯೋಜನೆಗಳನ್ನೂ ಶಾಸ್ತ್ರೀಯವಾಗಿ ವಿವರಿಸುವ ಗ್ರಂಥಗಳನ್ನು ಬರೆದನು. 1970ರಿಂದ 1978ರವರೆಗೆ ವಿಶ್ವ ಚದುರಂಗ ಸಂಸ್ಥೆಯ ಅಧ್ಯಕ್ಷನಾಗಿದ್ದು, 1981ರಲ್ಲಿ ತೀರಿಕೊಂಡನು. ಪಟ್ಟವು ಎರಡೇ ವರ್ಷ ನಿಂತಿತು. ಉಪಾಧ್ಯಾಯನ ಪಾಠವು ಇಂದಿಗೂ ನಿಂತಿದೆ.