ಪತ್ತನಾಜೆ: ಗೆಜ್ಜೆ ಬಿಚ್ಚುವ ದಿನ

ತುಳುವರ ಬೇಶ ತಿಂಗಳ ಹತ್ತನೇ ದಿನ ಪತ್ತನಾಜೆ. ಸೂರ್ಯ ವೃಷಭ ರಾಶಿ ಪ್ರವೇಶಿಸಿದ ಮರುದಿನದಿಂದ ಎಣಿಕೆ ಶುರು. ಹಾಗಾಗಿ ಅದು ಸಾಮಾನ್ಯವಾಗಿ ಮೇ 24 ಅಥವಾ 25ಕ್ಕೆ ಬರುತ್ತದೆ. ದೇವಸ್ಥಾನಗಳ ಉತ್ಸವ, ದೈವಗಳ ನೇಮ-ಕೋಲ, ಯಕ್ಷಗಾನ ಮೇಳಗಳ ತಿರುಗಾಟ ಎಲ್ಲಕ್ಕೂ ಅಂದೇ ತೆರೆ. ನಿತ್ಯಪೂಜೆ ಎಂದಿನಂತೆ ನಡೆಯುತ್ತದೆ. ಆದರೆ ಒಳಗಾದ ಉತ್ಸವಮೂರ್ತಿ ಮತ್ತೆ ಹೊರಗೆ ಬರುವುದು ದೀಪಾವಳಿ ಕಳೆದ ಮೇಲೆಯೇ.

ಬಂಟ್ವಾಳ, ಬೆಳ್ತಂಗಡಿ, ಮೂಡುಬಿದಿರೆ ಸೀಮೆಯಲ್ಲಿ ಅದಕ್ಕೆ ಮುಂಚಿನ ಆರು ತಿಂಗಳು ಚೆಂಡೆ, ವಾದ್ಯ, ಕದಿನದ ಸದ್ದು ಕೇಳದ ರಾತ್ರಿಗಳು ಕಡಿಮೆ. ಬಂಟ್ವಾಳ ತಾಲೂಕಿನ ಪೊಳಲಿಯ ರಾಜರಾಜೇಶ್ವರಿ ಜಾತ್ರೆಯೊಂದೇ ಸುಮಾರು ಒಂದು ತಿಂಗಳು ನಡೆಯುತ್ತದೆ. ಅಲ್ಲಿಯ ‘ಚೆಂಡು’ ಎಂಬ ಚೆಂಡಾಟ ನೋಡಲು ಊರಿಗೆ ಊರೇ ನೆರೆಯುತ್ತದೆ. ದೈವಕ್ಕೆ ವೇಷ ಕಟ್ಟುವ ನಲಿಕೆ, ಪರವ, ಪಂಬದ ಸಮುದಾಯದವರು ಒಂದು ದೈವಸ್ಥಾನದ ನೇಮ ಮುಗಿಸಿ ಇನ್ನೊಂದಕ್ಕೆ ಹೊರಡುತ್ತಾರೆ. ಬೆಳ್ತಂಗಡಿ ತಾಲೂಕಿನ ಧರ್ಮಸ್ಥಳದ ಮೇಳ, ಮೂಡುಬಿದಿರೆಗೆ ಹತ್ತಿರದ ಕಟೀಲಿನ ಮೇಳಗಳು ಹರಕೆಯ ಆಟ ಆಡುತ್ತ ಊರೂರು ಸುತ್ತುತ್ತವೆ. ಪತ್ತನಾಜೆಗೆ ಮೇಳಗಳು ತಮ್ಮ ತಮ್ಮ ಕ್ಷೇತ್ರಕ್ಕೆ ಮರಳಿ, ಕೊನೆಯ ಸೇವೆಯಾಟ ಆಡಿ, ದೇವರೆದುರು ಗೆಜ್ಜೆ ಬಿಚ್ಚುತ್ತವೆ. ಕಿರೀಟ, ಭುಜಕೀರ್ತಿಗಳು ಪೆಟ್ಟಿಗೆ ಸೇರುತ್ತವೆ. ಕಲಾವಿದರು ಮನೆಗೆ ಹೊರಡುತ್ತಾರೆ. ಮುಂದಿನ ತಿರುಗಾಟಕ್ಕೆ ಯಾವ ಮೇಳ ಎಂಬ ಮಾತುಕತೆ ನಡೆಯುವುದೂ ಈ ಬಿಡುವಿನಲ್ಲೇ.

ಈ ಕಟ್ಟಳೆಯ ಹಿಂದೆ ಮಳೆ ಇದೆ ಎನ್ನಲು ಶಾಸ್ತ್ರ ಓದಬೇಕಾಗಿಲ್ಲ. ದಕ್ಷಿಣ ಕನ್ನಡದಲ್ಲಿ ವರ್ಷಕ್ಕೆ ನಾಲ್ಕು ಸಾವಿರ ಮಿಲಿಮೀಟರಿನ ಆಸುಪಾಸು ಮಳೆ. ಅದರಲ್ಲಿ ಹೆಚ್ಚಿನ ಪಾಲು ಜೂನ್‌ನಿಂದ ಸೆಪ್ಟೆಂಬರ್‌ವರೆಗೆ ಸುರಿಯುವಂಥದ್ದು. ಬಯಲಾಟಕ್ಕೆ ಬಯಲೇ ಸಿಗದ ಕಾಲ ಅದು. ಅದಕ್ಕಿಂತ ಮುಖ್ಯವಾದದ್ದು ಏಣೆಲು, ಅಂದರೆ ಮಳೆಗಾಲದ ಭತ್ತದ ಬೆಳೆ. ನೇಜಿ ಹಾಕಿ, ಗದ್ದೆ ಉತ್ತು, ನಾಟಿ ಮಾಡುವ ಕೈಗಳೂ ಕೋಲದ ವೇಷಕ್ಕೆ ಅಣಿ ಕಟ್ಟುವ ಕೈಗಳೂ ಹಲವೆಡೆ ಒಂದೇ ಆಗಿದ್ದವು. ರಾತ್ರಿಯಿಡೀ ನೇಮದಲ್ಲಿ ನಿದ್ದೆಗೆಟ್ಟವರು ಬೆಳಗ್ಗೆ ಕೆಸರಿಗಿಳಿಯುವುದು ಹೇಗೆ? ಏಣೆಲು ಕೊಯ್ಲಿನ ಹೊತ್ತಿಗೆ ದೀಪಾವಳಿ ಬರುತ್ತದೆ. ಗದ್ದೆಗೆ ದೀಪ ತೋರಿಸಿ ಬಲಿಯೇಂದ್ರನನ್ನು (ಬಲಿ ಚಕ್ರವರ್ತಿಯನ್ನು) ಕರೆದ ಮೇಲೆ ಕೋಲ, ಆಟಗಳಿಗೆ ಮತ್ತೆ ದಾರಿ.

ಪತ್ತನಾಜೆಗೆ ಹತ್ತು ಹನಿಯಾದರೂ ಮಳೆ ಬೀಳಬೇಕು ಎಂಬ ನಂಬಿಕೆಯಿದೆ. ಇಲ್ಲೊಂದು ಸ್ವಾರಸ್ಯವಿದೆ. ಸಂಕ್ರಮಣದ ಲೆಕ್ಕ ನಕ್ಷತ್ರಗಳನ್ನು ಹಿಡಿದದ್ದು; ಋತುಗಳು ನಡೆಯುವುದು ಸೂರ್ಯನ ಉತ್ತರ-ದಕ್ಷಿಣ ಚಲನೆಯನ್ನು ಹಿಡಿದು. ನಕ್ಷತ್ರದ ವರ್ಷ ಋತುಗಳ ವರ್ಷಕ್ಕಿಂತ ಸುಮಾರು 20 ನಿಮಿಷ ದೊಡ್ಡದು. ಆ ನಿಮಿಷಗಳು ಸೇರಿ ಸೇರಿ ಸುಮಾರು 72 ವರ್ಷಕ್ಕೆ ಒಂದು ದಿನವಾಗುತ್ತದೆ. ಮೂಡುಬಿದಿರೆಯ ಸಾವಿರ ಕಂಬದ ಬಸದಿ ಕಟ್ಟಿದ 1430ರ ಹೊತ್ತಿಗೆ ಬೇಶದ ಹತ್ತನೇ ದಿನ, ಋತುಮಾನದ ಲೆಕ್ಕದಲ್ಲಿ, ಈಗಿನದಕ್ಕಿಂತ ಎಂಟು ದಿನ ಮೊದಲು ಬರುತ್ತಿತ್ತು. ಅಂದರೆ ಈ ದಿನ ತೀರಾ ನಿಧಾನವಾಗಿ ಮುಂಗಾರಿನ ಕಡೆಗೆ ಸರಿಯುತ್ತಲೇ ಬಂದಿದೆ. ಹತ್ತು ಹನಿಯ ನಂಬಿಕೆ ಹಿಂದಿಗಿಂತ ಈಗಲೇ ನಿಜವಾಗುವ ಸಂಭವ ಹೆಚ್ಚು.

ಮೌನ ಶುರುವಾಗುವುದು ಸೂರ್ಯನ ಲೆಕ್ಕದಲ್ಲಿ, ಮುಗಿಯುವುದು ಚಂದ್ರನ ಲೆಕ್ಕದಲ್ಲಿ. ದೀಪಾವಳಿ ಅಮಾವಾಸ್ಯೆಯ ಹಬ್ಬವಾದ್ದರಿಂದ ಬಿಡುವಿನ ಉದ್ದ ವರ್ಷ ವರ್ಷಕ್ಕೂ ಬೇರೆ. 2017ರಲ್ಲಿ ಹಬ್ಬ ಅಕ್ಟೋಬರ್ ಮೂರನೇ ವಾರಕ್ಕೇ ಬಂದು ಐದು ತಿಂಗಳೂ ತುಂಬಲಿಲ್ಲ; 2020ರಲ್ಲಿ ನವೆಂಬರ್ 14ರವರೆಗೆ ಕಾಯಬೇಕಾಯಿತು. ಆ ವರ್ಷದ ಕಥೆಯೇ ಬೇರೆ: ಕೊರೊನಾ ಕಾರಣದಿಂದ ಮೇಳಗಳ ಆಟ ಮಾರ್ಚ್‌ನಲ್ಲೇ ನಿಂತಿತ್ತು.

ಪತ್ತನಾಜೆಯಿಂದ ದೀಪಾವಳಿಯವರೆಗಿನ ಈ ಬಿಡುವಿನಲ್ಲಿ ಹೊಲಮನೆಗಳ ಅಂಗಳಕ್ಕೆ ಬರುವ ವೇಷ ಆಟಿ ಕಳೆಂಜನದು. ಜುಲೈ ನಡುವಿನಿಂದ ಆಗಸ್ಟ್ ನಡುವಿನವರೆಗಿನ ಆಟಿ ಹಿಂದೆ ಕಣಜ ಬರಿದಾಗುವ, ಕಾಯಿಲೆ ಹರಡುವ ತಿಂಗಳು. ಮದುವೆಯಂಥ ಶುಭಕಾರ್ಯಗಳೂ ಇಲ್ಲ. ದೈವಗಳು ಘಟ್ಟ ಹತ್ತಿವೆ, ಊರು ಕಾಯಲು ಕಳೆಂಜನನ್ನು ಬಿಟ್ಟಿವೆ ಎಂದು ನಂಬಿಕೆ. ನಲಿಕೆಯವರು ತೆಂಗಿನ ಸಿರಿ ಉಟ್ಟು, ತಲೆಗೆ ಹಾಳೆಯ ಮುಟ್ಟಾಳೆ ಇಟ್ಟು, ತಾಳೆಗರಿಯ ಕೊಡೆ ತಿರುಗಿಸುತ್ತ ತೆಂಬರೆಯ ಬಡಿತಕ್ಕೆ ಕುಣಿಯುತ್ತಾರೆ. ಮನೆಯವರು ಅಕ್ಕಿ, ತೆಂಗಿನಕಾಯಿ, ಅರಸಿನ, ಮಸಿ ಕೊಡುತ್ತಾರೆ. ಮಾರಿ ಆ ಮನೆಯಿಂದ ತೊಲಗಿತು ಎಂದು ಅರ್ಥ. ಮೇಳಗಳಂತೆ ಜೈನ ಮುನಿಗಳಿಗೂ ಮಳೆಗಾಲ ಒಂದೆಡೆ ನಿಲ್ಲುವ ಕಾಲ. ಅವರ ಚಾತುರ್ಮಾಸ ಮಾತ್ರ ಆಷಾಢದಿಂದ ಕಾರ್ತಿಕದವರೆಗೆ ಪೂರ್ತಿ ಚಾಂದ್ರಮಾನದ್ದು.

ಈಗ ಪತ್ತನಾಜೆಯ ಮೌನ ಮೊದಲಿನಷ್ಟು ಗಾಢವಲ್ಲ. ಸಭಾಂಗಣಗಳ ಸೂರಿನಡಿ ತಾಳಮದ್ದಳೆ, ಯಕ್ಷಗಾನ ಮಳೆಗಾಲದಲ್ಲೂ ನಡೆಯುತ್ತವೆ. ತಂಡಗಳು ಮುಂಬೈಗೂ ಹೋಗಿಬರುತ್ತವೆ. ಸಂಜೆಯ ದೀಪ ಹಚ್ಚುವ ಹೊತ್ತಿಗೆ ಭಾಗವತ, ಚೆಂಡೆ, ಮದ್ದಳೆಯೊಂದಿಗೆ ಒಂದೆರಡು ವೇಷಗಳ ಚಿಕ್ಕಮೇಳ ಮನೆಯ ಚಾವಡಿಗೆ ಬಂದು ಸ್ವಲ್ಪ ಹೊತ್ತು ಆಡಿ ಕಾಣಿಕೆ ಪಡೆದು ಮುಂದಿನ ಮನೆಗೆ ಹೋಗುತ್ತದೆ. ಗದ್ದೆಗಳು ಅಡಿಕೆ, ರಬ್ಬರ್ ತೋಟಗಳಾದಲ್ಲಿ ನಾಟಿಯ ಕಾರಣವೂ ಉಳಿದಿಲ್ಲ. ಆದರೂ ಕ್ಷೇತ್ರದ ಮೇಳಗಳು ಗೆಜ್ಜೆ ಕಟ್ಟಿ ಹೊಸ ತಿರುಗಾಟಕ್ಕೆ ಹೊರಡುವುದು ದೀಪಾವಳಿ ಕಳೆದ ಮೇಲೆಯೇ. ಹರಕೆಯಾಟದ ದಿನ ನಿಗದಿ ಮಾಡುವಾಗ ಸೇವಾದಾರರು ಕೇಳಿಕೊಳ್ಳುವುದೂ ಪತ್ತನಾಜೆಯ ಒಳಗಿನ ದಿನವನ್ನೇ.