ಬೇತಮಂಗಲದ ದಾರಿಯಲ್ಲಿ ಬುಕಾನನ್

ಮದರಾಸಿನ ಕಡೆಯಿಂದ ಘಟ್ಟ ಹತ್ತಿ ಮೈಸೂರು ಸೀಮೆಗೆ ಬರುತ್ತಿದ್ದ ಹಿಂದಿನ ಕಾಲದ ಅನೇಕ ಪಯಣಿಗರಿಗೆ ಮೊದಲು ಎದುರಾಗುತ್ತಿದ್ದ ನೆಲ ಇಂದಿನ ಕೋಲಾರ ಜಿಲ್ಲೆಯ ಪೂರ್ವದ ಅಂಚು. ಅತ್ತ ವೆಂಕಟಗಿರಿಕೋಟೆ, ಇತ್ತ ಬೇತಮಂಗಲ; ಅದೇ ಸುತ್ತಿನಲ್ಲಿ ಕ್ಯಾಸಂಬಳ್ಳಿ, ಊರಿಗಾಂ, ಮಾರಿಕುಪ್ಪಂ. ಕನ್ನಡ, ತೆಲುಗು, ತಮಿಳು ಮೂರೂ ಒಂದೇ ಸಂತೆಯಲ್ಲಿ ಕೇಳಿಬರುವ ಸೀಮೆ ಇದು. ಇದನ್ನು ನಾವು ಸಾಮಾನ್ಯವಾಗಿ ಎರಡು ಕಾರಣಗಳಿಗಾಗಿ ನೆನೆಯುತ್ತೇವೆ. ಒಂದು, ಚಿನ್ನದ ಗಣಿ. ಇನ್ನೊಂದು, ಸ್ವಾತಂತ್ರ್ಯ ಬಂದ ಮೇಲೆ ಮೈಸೂರಿನ ಮೊದಲ ಮುಖ್ಯಮಂತ್ರಿಯಾದ ಕೆ. ಸಿ. ರೆಡ್ಡಿಯವರು ಕ್ಯಾಸಂಬಳ್ಳಿಯವರು ಎಂಬುದು. ಅವರ ಹೆಸರಿನ ಮೊದಲಕ್ಷರವೇ ಆ ಊರಿನದು. ಮೂರನೆಯ ಕಾರಣವೊಂದುಂಟು. ಅದನ್ನು ನೆನೆಯುವವರು ಕಡಮೆ. 1800ರ ಮೇ ತಿಂಗಳ ಮೊದಲ ದಿನಗಳಲ್ಲಿ ಫ್ರಾನ್ಸಿಸ್ ಬುಕಾನನ್ ಎಂಬ ಸ್ಕಾಟ್ಲೆಂಡಿನ ವೈದ್ಯ, ಪ್ರಕೃತಿವಿಜ್ಞಾನಿ, ಬೇತಮಂಗಲದ ದಾರಿಯಲ್ಲಿ ಹಾದುಹೋದ. ಕಂಡದ್ದನ್ನೂ ಕೇಳಿದ್ದನ್ನೂ ದಿನದಿನವೂ ಬರೆದಿಟ್ಟ.

ಬುಕಾನನ್ ಹುಟ್ಟಿದ್ದು 1762ರಲ್ಲಿ. ಎಡಿನ್‌ಬರೋ ವಿಶ್ವವಿದ್ಯಾಲಯದಲ್ಲಿ ವೈದ್ಯಶಾಸ್ತ್ರವನ್ನು ಓದಿದ. ಅಲ್ಲಿಯೇ ಜಾನ್ ಹೋಪ್ ಎಂಬ ಗುರುವಿನಿಂದ ಸಸ್ಯಶಾಸ್ತ್ರದ ರುಚಿ ಹತ್ತಿತು. ಆ ಕಾಲದಲ್ಲಿ ವೈದ್ಯನಿಗೆ ಗಿಡಮೂಲಿಕೆಯ ಅರಿವು ಅಲಂಕಾರವಲ್ಲ, ಕಸುಬಿನ ಭಾಗ. 1794ರಲ್ಲಿ ಈಸ್ಟ್ ಇಂಡಿಯಾ ಕಂಪನಿಯ ಬಂಗಾಳದ ವೈದ್ಯ ಶಾಖೆಯನ್ನು ಸೇರಿದ. ಮರುವರ್ಷವೇ ಬರ್ಮಾದ ಆವಾ ರಾಜಧಾನಿಗೆ ಹೊರಟ ರಾಯಭಾರಿ ತಂಡದೊಡನೆ ಹೋಗಿ ಅಲ್ಲಿನ ಸಸ್ಯಗಳನ್ನು ಸಂಗ್ರಹಿಸಿದ. ಅನಂತರ ಚಿತ್ತಗಾಂವಿನ ಕಾಡುಮೇಡುಗಳನ್ನು ಸುತ್ತಿದ. ಹೊಸ ನಾಡನ್ನು ಕಂಡರೆ ಅದರ ಮಣ್ಣು, ಮರ, ಬೆಳೆ, ಜನ, ಎಲ್ಲವನ್ನೂ ಒಂದೇ ಸಮನಾಗಿ ಕೇಳಿ ತಿಳಿಯುವ ಹಸಿವು ಅವನಲ್ಲಿತ್ತು.

1799ರ ಮೇ 4ರಂದು ಶ್ರೀರಂಗಪಟ್ಟಣ ಬಿದ್ದು ಟಿಪ್ಪು ಮಡಿದ. ಗೆದ್ದ ನಾಡಿನಲ್ಲಿ ಏನೇನಿದೆ ಎಂಬುದು ಗೆದ್ದವರಿಗೇ ತಿಳಿದಿರಲಿಲ್ಲ. ಅದನ್ನು ತಿಳಿದು ಬರೆಯುವ ಕೆಲಸವನ್ನು ಗವರ್ನರ್ ಜನರಲ್ ವೆಲ್ಲೆಸ್ಲಿ ಬುಕಾನನ್ನನಿಗೆ ಒಪ್ಪಿಸಿದ. ಕೃಷಿಯೇ ಮೊದಲ ವಿಷಯ, ಅದರ ಬೆನ್ನಿಗೆ ದನಕರು, ಹತ್ತಿ, ಮೆಣಸು, ಶ್ರೀಗಂಧ, ಏಲಕ್ಕಿ, ಗಣಿಗಳು, ಕೈಕಸುಬುಗಳು, ಕೊನೆಗೆ ಜನರ ಸ್ಥಿತಿಗತಿ. ಈ ಪಟ್ಟಿಯನ್ನು ಹಿಡಿದು 1800ರ ಏಪ್ರಿಲ್ 23ರಂದು ಅವನು ಮದರಾಸನ್ನು ಬಿಟ್ಟ. ಕಾಂಚೀಪುರ, ಆರ್ಕಾಟು, ವೆಲ್ಲೂರುಗಳನ್ನು ದಾಟಿ, ನಾಯಕನೇರಿಯ ಘಟ್ಟವನ್ನು ಹತ್ತಿ, ವೆಂಕಟಗಿರಿಕೋಟೆ, ಬೇತಮಂಗಲ, ಟೇಕಲ್ಲುಗಳ ಮೂಲಕ ಮೇ ಎರಡನೆಯ ವಾರಕ್ಕಾಗಲೇ ಬೆಂಗಳೂರನ್ನು ಮುಟ್ಟಿದ. ಅದೇ ವರ್ಷ ಮತ್ತೊಮ್ಮೆ ಬೆಂಗಳೂರಿನಿಂದ ಹೊರಟು ಕೋಲಾರ, ಶಿಡ್ಲಘಟ್ಟ, ಚಿಕ್ಕಬಳ್ಳಾಪುರ, ದೊಡ್ಡಬಳ್ಳಾಪುರಗಳನ್ನು ನೋಡಿದ. ಮುಂದೆ ಮಲಬಾರು, ಕನ್ನಡ ಕರಾವಳಿ, ಮಲೆನಾಡು. ಹೀಗೆ ಒಂದು ವರ್ಷಕ್ಕೂ ಮೀರಿದ ಸಂಚಾರದ ದಿನಚರಿ 1807ರಲ್ಲಿ ಲಂಡನ್ನಿನಲ್ಲಿ ಮೂರು ದಪ್ಪ ಸಂಪುಟಗಳಾಗಿ ಅಚ್ಚಾಯಿತು. ಲೇಖಕ ಆಗ ಇಂಡಿಯಾದಲ್ಲೇ ಇದ್ದ. ತಿದ್ದಿ, ಅಡಕಗೊಳಿಸಿ, ವಿಷಯವಾರು ಜೋಡಿಸುವ ಅವಕಾಶ ಅವನಿಗೆ ದೊರೆಯಲಿಲ್ಲ. ಓದುವವರಿಗೆ ಅದರಿಂದ ಬೇಸರವಾಗಿರಬಹುದು. ನಮಗೆ ಮಾತ್ರ ಅದು ಲಾಭವೇ. ಯಾವ ಊರಿನಲ್ಲಿ ಯಾವ ಮಾತನ್ನು ಕೇಳಿದನೋ ಅದು ಆ ಊರಿನ ಹೆಸರಿನಡಿಯಲ್ಲೇ ಉಳಿದುಕೊಂಡಿತು.

ಆ ಪುಟಗಳನ್ನು ತೆರೆದರೆ ಮೊದಲು ಕಣ್ಣಿಗೆ ಬೀಳುವುದು ಕನ್ನಡದ ಮಾತುಗಳು. ಇಂಗ್ಲಿಷಿನ ಕಾಗುಣಿತದಲ್ಲಿ ವೇಷ ಮರೆಸಿಕೊಂಡಿದ್ದರೂ ಗುರುತು ಸಿಗುತ್ತದೆ: ರಾಗಿ, ಕಂಡುಗ, ಕೊಳಗ, ಗೌಡ, ಶಾನುಭೋಗ, ತೋಟಿ, ತಳವಾರ, ನೀರುಗಂಟಿ. ಮಣ್ಣಿನ ಬಗೆಗಳನ್ನು ಹೇಳುವಾಗ ಎರೆ, ಕೆಬ್ಬೆ, ಮರಳು ಎಂಬ ರೈತರ ವಿಂಗಡಣೆಯನ್ನೇ ಇಟ್ಟುಕೊಂಡ. ಲಾಲ್‌ಬಾಗಿನ ಹೈದರ್ ಮತ್ತು ಟಿಪ್ಪುವಿನ ತೋಟಗಳನ್ನು ಕಂಡಾಗ ಸೈಪ್ರಸ್ ಮರಗಳ ಸಾಲನ್ನು ಮೆಚ್ಚಿದನಾದರೂ, ನೀರಿನ ಕೊರತೆಯನ್ನೂ ಬಾವಿಯಿಂದ ಎತ್ತು ಕಟ್ಟಿ ನೀರೆಳೆಯುವ ಕಪಿಲೆಯನ್ನೂ ಗುರುತಿಸದೆ ಬಿಡಲಿಲ್ಲ. ಕಣದಲ್ಲಿ ರಾಶಿ ಹಾಕಿದ ಧಾನ್ಯ ಹೇಗೆ ಹಂಚಿಹೋಗುತ್ತದೆ ಎಂಬುದನ್ನು ಅವನು ಬರೆದಿರುವ ಬಗೆ ಪ್ರಸಿದ್ಧವಾದದ್ದು. ದೇವರಿಗೆ, ಜೋಯಿಸನಿಗೆ, ಕುಂಬಾರನಿಗೆ, ಅಗಸನಿಗೆ, ಕ್ಷೌರಿಕನಿಗೆ, ಅಳೆಯುವವನಿಗೆ ಎಂದು ಒಂದೊಂದೇ ಪಾಲು ತೆಗೆದ ಮೇಲೆ ಸರಕಾರಕ್ಕೂ ಒಕ್ಕಲಿಗನಿಗೂ ಏನು ಉಳಿಯುತ್ತದೆ ಎಂಬ ಲೆಕ್ಕ ಅಲ್ಲಿದೆ. ಒಂದು ಹಳ್ಳಿಯ ಬಾಳುವೆಯ ಕಟ್ಟನ್ನು ಇಷ್ಟು ನಿಚ್ಚಳವಾಗಿ ಹೇಳಿದ ಬರಹಗಳು ಆ ಕಾಲದಲ್ಲಿ ವಿರಳ.

ಬೇತಮಂಗಲಕ್ಕೆ ಅವನು ಬಂದಾಗ ಈ ನಾಡು ಯುದ್ಧದಿಂದ ನುಗ್ಗಾಗಿತ್ತು. ಒಂಬತ್ತು ವರ್ಷಗಳ ಹಿಂದೆ, 1791ರಲ್ಲಿ, ಕಾರ್ನ್‌ವಾಲಿಸನ ಸೈನ್ಯ ಮೊಗಲಿ ಕಣಿವೆಯನ್ನು ಹತ್ತಿ ಕೋಲಾರದ ಮೇಲೆಯೇ ಬೆಂಗಳೂರಿಗೆ ನಡೆದಿತ್ತು. ಅದಕ್ಕೂ ಮುಂಚೆ ಪಾಳೆಯಗಾರರು, ಮೊಗಲರು, ಮರಾಠರು, ಹೈದರನ ದಂಡು, ಒಬ್ಬರಾದ ಮೇಲೊಬ್ಬರು ಈ ಬಯಲನ್ನು ತುಳಿದಿದ್ದರು. ಇಷ್ಟಾದರೂ ಅಲ್ಲಿ ಅಳಿಯದೆ ಇದ್ದದ್ದು ಒಂದು: ಪಾಲಾರ್ ನದಿಗೆ ಅಡ್ಡಲಾಗಿ ಕಟ್ಟಿದ ಕೆರೆ. ಶಾಸನಗಳಲ್ಲಿ ಬೇತಮಂಗಲದ ಹೆಸರು ವಿಜಯಾದಿತ್ಯಮಂಗಲ. ಆ ಕೆರೆಯ ಏರಿಯನ್ನು ದುರಸ್ತಿ ಮಾಡಿಸಿದ ಸಂಗತಿಯನ್ನು ಹತ್ತನೆಯ ಶತಮಾನದ ನೊಳಂಬರ ಕಾಲದ ಶಾಸನವೊಂದು ಹೇಳುತ್ತದೆ. ದುರಸ್ತಿಯೇ ಹತ್ತನೆಯ ಶತಮಾನದ್ದಾದರೆ ಕೆರೆ ಇನ್ನೆಷ್ಟು ಹಳೆಯದಿರಬೇಕು! ಅರಸು ಯಾರೇ ಆಗಿರಲಿ, ಏರಿಗೆ ಮಣ್ಣು ಹೊರುವವರು, ತೂಬು ಕಾಯುವವರು ತಮ್ಮ ಕೆಲಸವನ್ನು ಮಾಡುತ್ತ ಬಂದಿದ್ದರು. ಬುಕಾನನ್ನನ ಗಮನ ಹೆಚ್ಚಾಗಿ ಹರಿದದ್ದು ಇಂಥ ಸಂಗತಿಗಳ ಕಡೆಗೆ. ಎಷ್ಟು ನೆಲ ಸಾಗುವಳಿಗೆ ಯೋಗ್ಯ, ಎಷ್ಟು ಬೀಳು ಬಿದ್ದಿದೆ, ಏಕೆ ಬಿದ್ದಿದೆ ಎಂದು ಊರೂರಲ್ಲಿ ವಿಚಾರಿಸುವುದು ಅವನ ಪದ್ಧತಿಯಾಗಿತ್ತು.

ಘಟ್ಟದ ಮೇಲಿನ ಈ ಸೀಮೆಯಲ್ಲಿ, ಮಳೆನೀರು ಬಂಡೆಗಳಿಂದ ಕೊಚ್ಚಿ ತಂದ ಕಪ್ಪು ಮರಳನ್ನು ಆಯ್ದು ಕಬ್ಬಿಣ ಕರಗಿಸುವ ಕುಲುಮೆಗಳನ್ನೂ ಅವನು ಗಮನಿಸಿದ. ಇಲ್ಲಿ ಚರಿತ್ರೆಯ ಒಂದು ಚಮತ್ಕಾರವುಂಟು. ಅವನು ಕಬ್ಬಿಣದ ಮರಳನ್ನು ಕಂಡ ಸೀಮೆಯಲ್ಲೇ, ಅಲ್ಪ ದೂರದಲ್ಲಿ, ಮಣ್ಣನ್ನು ಮರದ ತಟ್ಟೆಯಲ್ಲಿ ತೊಳೆದು ಬೇರೊಂದು ಲೋಹದ ಕಣಗಳನ್ನು ಆಯ್ದುಕೊಳ್ಳುವವರಿದ್ದರು. ಅದನ್ನು ಲೋಕಕ್ಕೆ ತಿಳಿಸಿದ ಕೀರ್ತಿ ಬುಕಾನನ್ನನಿಗೆ ಸಲ್ಲಲಿಲ್ಲ. ಎರಡು ವರ್ಷಗಳ ಅನಂತರ, 1802ರಲ್ಲಿ, ಮೈಸೂರಿನ ಪೂರ್ವದ ಗಡಿಯನ್ನು ಅಳೆಯಲು ಬಂದ ಜಾನ್ ವಾರನ್ ಎಂಬ ಸೈನ್ಯಾಧಿಕಾರಿ ಆ ವದಂತಿಯನ್ನು ಕೇಳಿದ. ಬಹುಮಾನ ಕೊಡುವೆನೆಂದು ಸಾರಿದ. ಊರಿಗಾಮಿನ ರೈತನೊಬ್ಬ ಜಾಗವನ್ನು ತೋರಿಸಿದ. ಮಾರಿಕುಪ್ಪದಲ್ಲಿ ಜನ ಗುಂಡಿಗಳಿಗಿಳಿದು ಕಲ್ಲು ತಂದು, ಕುಟ್ಟಿ, ತೊಳೆದು, ಚಿನ್ನದ ಪುಡಿಯನ್ನು ಪಡೆಯುತ್ತಿದ್ದುದನ್ನು ವಾರನ್ ಕಣ್ಣಾರೆ ಕಂಡು ವರದಿ ಮಾಡಿದ. ಎಪ್ಪತ್ತು ವರ್ಷಗಳ ಮೇಲೆ, 1873ರಲ್ಲಿ, ಲೆವೆಲ್ ಎಂಬ ನಿವೃತ್ತ ಸೈನಿಕ ಗಣಿಯ ಹಕ್ಕಿಗಾಗಿ ಮೈಸೂರು ಸರಕಾರಕ್ಕೆ ಅರ್ಜಿ ಹಾಕಿದಾಗ ವಾರನ್ನನ ಆ ವರದಿಯೇ ಬೀಜವಾಯಿತು.

ಮುಂದಿನದು ಎಲ್ಲರಿಗೂ ತಿಳಿದ ಕಥೆ. 1880ರಲ್ಲಿ ಜಾನ್ ಟೇಲರ್ ಕಂಪನಿ ಬಂದಿತು. 1902ರಲ್ಲಿ ಶಿವನಸಮುದ್ರದ ವಿದ್ಯುತ್ತು ಸುಮಾರು 147 ಕಿಲೋಮೀಟರು ದೂರದ ತಂತಿಯ ಮೇಲೆ ಹರಿದು ಗಣಿಗೆ ಮುಟ್ಟಿತು. ಚಾಂಪಿಯನ್ ರೀಫ್ 3,200 ಮೀಟರಿಗೂ ಕೆಳಕ್ಕಿಳಿಯಿತು. ನೂರಿಪ್ಪತ್ತು ವರ್ಷಗಳಲ್ಲಿ ಸುಮಾರು 800 ಟನ್ ಚಿನ್ನ ಹೊರಬಂದಿತು. 2001ರ ಫೆಬ್ರವರಿ 28ರಂದು ಗಣಿ ಮುಚ್ಚಿತು. ಸಯನೈಡಿನಲ್ಲಿ ತೊಳೆದ ಮಣ್ಣಿನ ಗುಡ್ಡಗಳು, ಕೆಲಸ ಕಳೆದುಕೊಂಡ ಕುಟುಂಬಗಳು, ಬೆಳಗಾಗುವ ಮುನ್ನ ಬೆಂಗಳೂರಿಗೆ ದುಡಿಯಲು ಹೊರಡುವ ರೈಲಿನ ಜನಸಂದಣಿ, ಇವು ಉಳಿದವು. ಈ ಕಥೆಯಲ್ಲಿ ನಾವು ಮರೆಯುವ ಅಂಶವೊಂದಿದೆ. ಅಷ್ಟು ದೊಡ್ಡ ಗಣಿಯೂರು ಕುಡಿದದ್ದು ಯಾವ ನೀರನ್ನು? ಬೇತಮಂಗಲದ ಕೆರೆಯ ನೀರನ್ನು. ಇಪ್ಪತ್ತನೆಯ ಶತಮಾನದ ಆರಂಭದಲ್ಲಿ ಅಲ್ಲಿ ಜಲಾಗಾರ ಕಟ್ಟಿ, ಕೊಳವೆಗಳಲ್ಲಿ ಗಣಿಗೆ ನೀರನ್ನು ಸಾಗಿಸಿದರು. ಚಿನ್ನವಿಲ್ಲದೆ ಕೆರೆ ಸಾವಿರ ವರ್ಷ ಬಾಳಿತ್ತು. ಕೆರೆಯಿಲ್ಲದೆ ಚಿನ್ನದ ಊರು ಬಾಳಲಾರದೆ ಹೋಗುತ್ತಿತ್ತು.

ಬುಕಾನನ್ನನ ಮುಂದಿನ ಬಾಳನ್ನೂ ನೀರೇ ಆವರಿಸಿತು. ನೇಪಾಳಕ್ಕೆ ಹೋಗಿಬಂದ, ಬ್ಯಾರಕ್‌ಪುರದಲ್ಲಿ ವೆಲ್ಲೆಸ್ಲಿಯ ಪ್ರಾಣಿಸಂಗ್ರಹವನ್ನು ನೋಡಿಕೊಂಡ, 1807ರಿಂದ ಏಳು ವರ್ಷ ಬಂಗಾಳ, ಬಿಹಾರಗಳ ಜಿಲ್ಲೆಗಳನ್ನು ಸಮೀಕ್ಷೆ ಮಾಡಿದ. ಹೋದಲ್ಲೆಲ್ಲ ಬೆಸ್ತರನ್ನು ಕೂಡಿಸಿ ಮೀನುಗಳ ವಿಷಯವನ್ನು ಕೇಳಿದ. 1815ರಲ್ಲಿ ತಾಯ್ನಾಡಿಗೆ ಹೊರಟಾಗ, ದೇಶೀ ಚಿತ್ರಕಾರರು ಅವನಿಗಾಗಿ ಬರೆದಿದ್ದ ಚಿತ್ರಗಳನ್ನು ಸರಕಾರ ಕಲ್ಕತ್ತೆಯಲ್ಲೇ ಇರಿಸಿಕೊಂಡಿತು. ತಾಯಿಯ ಕಡೆಯ ಆಸ್ತಿಯೊಡನೆ ಹ್ಯಾಮಿಲ್ಟನ್ ಎಂಬ ಹೆಸರನ್ನೂ ಪಡೆದ ಅವನು 1822ರಲ್ಲಿ ಗಂಗಾನದಿಯ ಮೀನುಗಳ ಮೇಲಿನ ಗ್ರಂಥವನ್ನು ಪ್ರಕಟಿಸಿದ. ಇನ್ನೂರೈವತ್ತಕ್ಕೂ ಹೆಚ್ಚು ಜಾತಿಗಳ ವರ್ಣನೆ ಅದರಲ್ಲಿದೆ. ವಿಶೇಷವೆಂದರೆ, ಆ ಜಾತಿಗಳಲ್ಲಿ ಹಲವಕ್ಕೆ ಅವನಿಟ್ಟ ಶಾಸ್ತ್ರೀಯ ಹೆಸರುಗಳು ಬಂಗಾಳದ ಬೆಸ್ತರ ಬಾಯಿಮಾತುಗಳು: ರೋಹಿತ, ಕಾಟ್ಲಾ, ಮೃಗಾಲ. ಇಂದು ಕರ್ನಾಟಕದ ಕೆರೆಗಳಲ್ಲಿ ಬಿತ್ತನೆಯಾಗುವ ಮರಿಗಳಲ್ಲಿ ಮುಖ್ಯವಾದವು ಇವೇ ಮೂರು. ವಿಜ್ಞಾನದ ಪುಸ್ತಕಗಳಲ್ಲಿ ಆ ಮೀನುಗಳ ಹೆಸರಿನ ಮುಂದೆ ಈಗಲೂ ‘ಹ್ಯಾಮಿಲ್ಟನ್, 1822’ ಎಂದು ಬರೆಯುತ್ತಾರೆ. ಜಗತ್ತಿನ ಪ್ರಯೋಗಾಲಯಗಳಲ್ಲಿ ಗರ್ಭಸ್ಥ ಶಿಶುವಿನ ಬೆಳವಣಿಗೆಯಿಂದ ಹಿಡಿದು ಮಿದುಳಿನ ವ್ಯಾಪಾರದವರೆಗೆ ಸಂಶೋಧನೆಗೆ ಬಳಸುವ ಪಟ್ಟೆಪಟ್ಟೆಯ ಪುಟ್ಟ ಮೀನು ಜೀಬ್ರಾ ಫಿಶ್. ಅದನ್ನು ಮೊದಲು ವರ್ಣಿಸಿದ್ದೂ ಅದೇ ಗ್ರಂಥ. ಸಸ್ಯಲೋಕವೂ ಅವನನ್ನು ಮರೆತಿಲ್ಲ. ಚಾರೋಳಿಯ ಮರದ ಕುಲಕ್ಕೆ ಅವನ ಹೆಸರೇ ಇದೆ: ಬುಕನಾನಿಯಾ. 1829ರಲ್ಲಿ ಅವನು ತೀರಿಕೊಂಡ.

ಹಾಗೆಂದು ಬುಕಾನನ್ನನನ್ನು ಋಷಿಯೆಂದು ಕೊಂಡಾಡಬೇಕಾಗಿಲ್ಲ. ಅವನು ಕಂಪನಿಯ ನೌಕರ. ನೆಲವೆಷ್ಟು ಎಂದು ಅವನು ಕೇಳುವಾಗ ಕಂದಾಯವೆಷ್ಟು ಎಂಬ ಪ್ರಶ್ನೆ ಬೆನ್ನಿಗೇ ಇತ್ತು. ಟಿಪ್ಪುವಿನ ವಿಷಯದಲ್ಲಿಯೂ ಬ್ರಾಹ್ಮಣರ ವಿಷಯದಲ್ಲಿಯೂ ಅವನ ಲೇಖನಿ ಕಹಿಯಾಗುತ್ತದೆ. ಅವನಿಗೆ ಕನ್ನಡ ಬಾರದು. ದುಭಾಷಿಯ ಬಾಯಿಂದ ಬಂದುದನ್ನು ನೆಚ್ಚಬೇಕಾಗಿತ್ತು. ಎಲ್ಲಕ್ಕಿಂತ ದೊಡ್ಡ ಕೊರತೆ ಬೇರೊಂದಿದೆ. ಉತ್ತರ ಹೇಳಿದವರಲ್ಲಿ ಬಹುಮಂದಿಯ ಹೆಸರುಗಳು ಆ ಪುಟಗಳಲ್ಲಿಲ್ಲ. ಎರೆ ಯಾವುದು, ಕೆಬ್ಬೆ ಯಾವುದು ಎಂದು ತಿಳಿಸಿದ ಒಕ್ಕಲಿಗ, ತೂಬಿನ ಲೆಕ್ಕ ಹೇಳಿದ ನೀರುಗಂಟಿ, ಇವರು ಹೆಸರಿಲ್ಲದೆ ಹೋದರು. ಊರಿಗಾಮಿನ ಆ ರೈತನ ಗತಿಯೂ ಅದೇ. ಆದರೆ ಅವರ ಮಾತುಗಳು ಉಳಿದವು. ತಿಳಿವಳಿಕೆ ತನ್ನ ತಲೆಯಲ್ಲಿ ಮಾತ್ರವಿಲ್ಲ, ಮಣ್ಣಿನಲ್ಲಿ ಕೆಲಸ ಮಾಡುವವನ ನಾಲಗೆಯಲ್ಲಿದೆ ಎಂದು ಬುಕಾನನ್ ಬಗೆದದ್ದರಿಂದ ಅವು ಉಳಿದವು. ಅವನ ದೊಡ್ಡ ಕೊಡುಗೆ ಅದೇ ಎಂದು ನನ್ನ ನಂಬಿಕೆ.

ಅವನು ಹೋದ ದಾರಿಯನ್ನು ಇಂದು ಹಿಡಿದು ಹೋಗುವುದು ಕಷ್ಟವಲ್ಲ. ವೆಲ್ಲೂರಿನಿಂದ ಘಟ್ಟ ಹತ್ತಿ, ವೆಂಕಟಗಿರಿಕೋಟೆಯ ಮೇಲೆ ಬೇತಮಂಗಲಕ್ಕೆ ಬರಬಹುದು. ಅವನ ಕಾಲದಲ್ಲಿ ಇರದಿದ್ದ ರಾಬರ್ಟ್‌ಸನ್ ಪೇಟೆ, ಬಂಗಾರಪೇಟೆಗಳು ಈಗ ದೊಡ್ಡ ಊರುಗಳು. ಅವನು ಕಂಡ ಪಾಲಾರ್ ಮಾತ್ರ ವರ್ಷದ ಬಹುಭಾಗ ಮರಳಿನ ಹಾದಿ. 2018ರಿಂದ ಬೆಂಗಳೂರಿನ ಸಂಸ್ಕರಿಸಿದ ಕೊಳಚೆನೀರನ್ನು ಕೋಲಾರದ ಕೆರೆಗಳಿಗೆ ಹರಿಸುವ ಯೋಜನೆ ನಡೆದಿದೆ. ಆ ನೀರು ಎಷ್ಟು ಶುದ್ಧ ಎಂಬ ವಾದವೂ ನಡೆದಿದೆ. 2021ರ ನವೆಂಬರಿನ ಮಳೆಯಲ್ಲಿ ಜಿಲ್ಲೆಯ ಎಷ್ಟೋ ಕೆರೆಗಳು ಕೋಡಿ ಹರಿದಾಗ, ಏರಿಗಳ ಮೇಲೆ ಜನ ಜಾತ್ರೆಗೆಂಬಂತೆ ನೆರೆದರು. ಚಿನ್ನ ಸಿಕ್ಕಿತೆಂದರೂ ಅಷ್ಟು ಸಂತೋಷವಾಗುತ್ತಿತ್ತೋ ಇಲ್ಲವೋ!

ವಾರನ್ ಕೇಳಿದ ಪ್ರಶ್ನೆಗೆ ಉತ್ತರ ಸಿಕ್ಕಿ, ಆ ಉತ್ತರವೂ ಮುಗಿದುಹೋಗಿದೆ. ಬುಕಾನನ್ ಕೇಳಿದ ಪ್ರಶ್ನೆಗಳು ಮುಗಿದಿಲ್ಲ. ಈ ಕೆರೆಯ ಕೆಳಗೆ ಎಷ್ಟು ಗದ್ದೆ? ತೂಬು ಯಾರ ವಶದಲ್ಲಿದೆ? ಬೀಳು ಬಿದ್ದ ಹೊಲ ಏಕೆ ಬೀಳು ಬಿತ್ತು? ಕಣದಲ್ಲಿ ರಾಶಿಯಾದುದರಲ್ಲಿ ದುಡಿದವನಿಗೆ ಉಳಿಯುವುದೆಷ್ಟು? ಕ್ಯಾಸಂಬಳ್ಳಿಯಿಂದ ಕೋಲಾರದವರೆಗೆ ನಮ್ಮ ಪ್ರೌಢಶಾಲೆಯ ಮಕ್ಕಳು ಒಂದು ಬೇಸಗೆಯ ರಜದಲ್ಲಿ ಈ ನಾಲ್ಕು ಪ್ರಶ್ನೆಗಳನ್ನು ಹಿಡಿದು ತಮ್ಮ ತಮ್ಮ ಊರಿನ ಹಿರಿಯರ ಬಳಿ ಹೋಗಿ ಉತ್ತರಗಳನ್ನು ಬರೆದುಕೊಂಡರೆ, ಇನ್ನೂರು ವರ್ಷಗಳ ಹಿಂದಿನ ಆ ದಿನಚರಿಗೆ ಯೋಗ್ಯವಾದ ಮುಂದಿನ ಸಂಪುಟವೊಂದು ಸಿದ್ಧವಾದೀತು. ಈ ಸಲ ಉತ್ತರ ಹೇಳಿದವರ ಹೆಸರುಗಳನ್ನೂ ಬರೆದಿಡುವುದು ನಮ್ಮ ಕೈಯಲ್ಲಿದೆ.